ದುಕ್ಕಾ ಹಚ್ಚಿದ ಮೀನು

ಎಳ್ಳು ಸಿಡಿಯುತ್ತಿದೆ, ಚಟ್ ಚಟ್, ಒಂದು ಕಾಳು ಹಾರಿ ಮಣಿಕಟ್ಟಿಗೆ ಚುರುಕ್ ಎಂದಿತು, ಕೆಂಡ ಆಚೆ ಸರಿಸಬೇಕು, ಇಲ್ಲದಿದ್ದರೆ ಮೀನಿನ ಮೇಲೆ ಮೆತ್ತಿದ ದುಕ್ಕಾ ಸೀದು ಕಹಿಯಾಗುತ್ತದೆ — ಕಡಲೆಬೀಜ, ಎಳ್ಳು, ಕೊತ್ತಂಬರಿ, ಜೀರಿಗೆ, ಬೆಳಿಗ್ಗೆ ನಾನೇ ಹುರಿದು ಕುಟ್ಟಿದ್ದು, ಆಗ ಬೆರಳಲ್ಲಿ ಉಂಗುರವಿತ್ತು, ಈಗ ಇಲ್ಲ, ಎಷ್ಟು ಹಗುರ, ನಗು ಬರುತ್ತಿದೆಯಲ್ಲ, ನಾಚಿಕೆಯಾಗಬೇಕು ನಶ್ವಾ ನಿನಗೆ, ನಿಶ್ಚಿತಾರ್ಥ ಈಗಷ್ಟೇ ಮುರಿದಿದೆ, ಅಮ್ಮ ಕೆಳಗೆ ಬಾಗಿಲು ಹಾಕಿಕೊಂಡು ಅಳುತ್ತಿದ್ದಾಳೆ, ನಾನು ಮಾಳಿಗೆಯ ಮೇಲೆ ನಿಂತು ಮೀನು ಸುಡುತ್ತಿದ್ದೇನೆ. ಸುಡದೆ ಏನು ಮಾಡಲಿ, ಬೆಳಿಗ್ಗೆ ಬಲೆಯಿಂದ ಬಿಡಿಸಿ ತಂದ ಮೀನು, ಅದರದೇನು ತಪ್ಪು. ಹೈಥಮ್ ಅವನಮ್ಮನ ಜೊತೆ ಬಂದಿದ್ದು ಮದುವೆಯ ದಿನ ಗೊತ್ತುಮಾಡಲು, ಊಟಕ್ಕೆ ಮೊದಲು ಇಬ್ಬರೂ ಮಾಳಿಗೆ ಹತ್ತಿದರು, ಅವಳು ಮೂಗಿನ ಹತ್ತಿರ ಕರವಸ್ತ್ರ ಹಿಡಿದು ಇಣುಕಿದಳು, ಇದೇನಮ್ಮ, ಇಷ್ಟು ಒಳ್ಳೇ ಮೀನಿಗೆ ದುಕ್ಕಾನಾ, ಬಡವರು ಬೆಳಿಗ್ಗೆ ರೊಟ್ಟಿಗೆ ಅದ್ದಿಕೊಳ್ಳೋದಲ್ವಾ ಅದು, ಹೌದು ಇಕ್ಬಾಲ್ ಆಂಟಿ, ಒಂದು ಸಲ ತಿಂದು ನೋಡಿ ಎಂದೆ, ನುಂಗಿಕೊಂಡೆ, ಇಂಥವನ್ನು ಬಹಳ ನುಂಗಿದ್ದೇನೆ. ಅವಳು ಇಳಿದುಹೋದ ಮೇಲೆ ಇವನು ಹತ್ತಿರ ಬಂದ, ದನಿ ತಗ್ಗಿಸಿದ, ನಶ್ವಾ, ಬೇಜಾರು ಮಾಡ್ಕೋಬೇಡ, ನಿಕಾಹ್ ಹೊತ್ತಲ್ಲಿ ನಿಮ್ಮಪ್ಪನ ಬದಲು ಚಿಕ್ಕಪ್ಪ ಕೂತರೆ ಚೆಂದ, ಯಾಕೆ ಎಂದೆ, ಅಲ್ಲ, ನಾನು ಅವರ ಕೈ ಹಿಡ್ಕೊಂಡು ಕೂರಬೇಕಲ್ಲ, ಎಲ್ಲರೂ ಫೋಟೋ ತೆಗೀತಾರೆ — ಹಿಡಿದ ಕೈ ಮೇಲೆ ಬಿಳಿ ಕರವಸ್ತ್ರ ಹೊದಿಸ್ತಾರಲ್ಲ ಹೈಥಮ್, ಯಾರಿಗೆ ಕಾಣುತ್ತೆ ಎಂದೆ, ಕರವಸ್ತ್ರಕ್ಕೆ ಕಲೆಯಾಗುತ್ತಲ್ವಾ ಎಂದ. ತಮಾಷೆಗೆ ಅಂದನೇನೋ ಎಂದು ಮುಖ ನೋಡಿದೆ, ತಮಾಷೆಯಲ್ಲ. ಅನ್‌ಫೂಶಿಯ ಕಡಲ ದಡದಲ್ಲಿ ಮರದ ದೋಣಿಗಳ ಸಂದಿಗೆ ಹತ್ತಿ ತುರುಕಿ, ಕುದಿಯುವ ಡಾಂಬರು ಮೆತ್ತಿ ಮೆತ್ತಿ ಕಪ್ಪಾದ ಕೈ, ಪ್ರತಿ ಶುಕ್ರವಾರ ನಮಾಜಿಗೆ ಮೊದಲು ಅಪ್ಪ ನಿಂಬೆಹಣ್ಣಿನ ಹೋಳು ಹಿಡಿದು ಉಜ್ಜುತ್ತಾನೆ, ಹೋಗುವುದಿಲ್ಲ, ಈ ಬೆಳಿಗ್ಗೆಯೂ ಉಜ್ಜಿದ್ದ, ಇವರು ಬರುತ್ತಾರೆಂದು. ಮೀನಿಗೆ ಹಚ್ಚಿದ ಎಣ್ಣೆ ಬೆರಳಿಗೂ ಹತ್ತಿತ್ತು, ಉಂಗುರ ಎಳೆಯಬೇಕಾಗಿಯೇ ಬರಲಿಲ್ಲ, ಜಾರಿತು, ಅವನ ಅಂಗೈಗೆ ಹಾಕಿದೆ, ತಗೋ, ಜೋಪಾನ, ಎಣ್ಣೆ ಕಲೆಯಾಗುತ್ತೆ ಎಂದೆ.

ಅವರು ಹೋದರು, ಅಮ್ಮ ಹಣೆ ಹಣೆ ಚಚ್ಚಿಕೊಂಡಳು, ಮೂವತ್ತು ದಾಟಿದವಳು ಉಂಗುರ ವಾಪಸು ಕೊಡ್ತಾಳಾ, ಇನ್ಯಾರು ಬರ್ತಾರೆ ನಿನಗೆ, ಅಪ್ಪ ಮಾತ್ರ ಏನೂ ಕೇಳಲಿಲ್ಲ, ಹೊಂದಲಿಲ್ಲ ಅಪ್ಪ ಎಂದಷ್ಟೇ ಹೇಳಿದೆ, ನಿಜವನ್ನು ಎಂದೂ ಹೇಳುವುದಿಲ್ಲ, ಅವನು ಸುಮ್ಮನಿದ್ದುದಕ್ಕೇ ನನಗೆ ಭಯ, ಅವಮಾನವನ್ನು ಒಳಗೇ ಇಟ್ಟುಕೊಂಡರೆ ಎದೆ ತಡೆಯುತ್ತದೋ ಇಲ್ಲವೋ — ಮೆಟ್ಟಿಲ ಮೇಲೆ ಅವನದೇ ಹೆಜ್ಜೆ, ರೊಟ್ಟಿಯ ಕಟ್ಟು ಕಂಕುಳಲ್ಲಿ, ಬಂದು ಕೆಂಡದ ಪಕ್ಕ ಕುಕ್ಕರಗಾಲಲ್ಲಿ ಕೂತ, ಆಯ್ತೇನೇ, ಹೊಟ್ಟೆ ಹಸೀತಿದೆ, ಆಮೇಲೆ ಮೆಟ್ಟಿಲ ಕಡೆ ಒಮ್ಮೆ ನೋಡಿದ, ಒಂದು ಮಾತು ಹೇಳ್ತೀನಿ, ನಿಮ್ಮಮ್ಮಂಗೆ ಹೇಳ್ಬೇಡ, ಆ ಹುಡುಗನ ಕೈ ಕುಲುಕಿದಾಗಲೆಲ್ಲ ಹಳಸಿದ ಮೀನು ಮುಟ್ಟಿದಂಗೆ ಆಗ್ತಿತ್ತು ಕಣೇ, ನಿನಗೋಸ್ಕರ ತಡ್ಕೊಂಡಿದ್ದೆ. ನಾನು ನಕ್ಕೆ, ನಿಲ್ಲಿಸಲಾಗಲಿಲ್ಲ, ಅಳ್ತಿದೀಯೋ ನಗ್ತಿದೀಯೋ, ಹೊಗೆ ಅಪ್ಪ, ಹೊಗೆ, ಕೆಳಗಿಂದ ಅಮ್ಮ ಕೂಗುತ್ತಿದ್ದಾಳೆ, ಸೀದ ವಾಸನೆ ಇಲ್ಲಿಗೆ ಬರ್ತಿದೆ, ಅದನ್ನೂ ಹಾಳುಮಾಡು, ಅತ್ತು ಒಡೆದ ದನಿ, ಆದರೂ ಬೈಯುತ್ತಿದ್ದಾಳೆ, ಸದ್ಯ, ಬೈಯುತ್ತಿದ್ದಾಳೆ, ಈಗ ಹತ್ತಿ ಬರುತ್ತಾಳೆ, ಅಪ್ಪ ಮೀನಿನ ಬೆನ್ನನ್ನು ಬಿಡಿಸಿದ, ಆವಿ ಎದ್ದಿತು, ಒಂದು ತುಂಡು ಕಿತ್ತು ಊದಿದ, ಬಾಯಿ ತೆಗಿ ಎಂದ, ಚಿಕ್ಕವಳಿಗೆ ಹೇಳುವ ಹಾಗೆ, ಬಿಳೀ ತುಂಡು, ಹೂವಿನಂಥ ಬಿಳುಪು, ಹಿಡಿದ ಬೆರಳು ಕಪ್ಪು, ಉಗುರಿನ ಸುತ್ತ ಕಪ್ಪು ಗೆರೆ, ತಿನ್ನೇ ಆರುತ್ತೆ, ತಿನ್ನುತ್ತೇನೆ ಅಪ್ಪ, ಒಂದು ಕ್ಷಣ ತಡಿ, ನೋಡುತ್ತೇನೆ — ಬಿಳೀ ತುಂಡು, ಕಪ್ಪು ಬೆರಳು, ಆ ಬಿಳುಪಿಗೆ ಒಂದು ಕಲೆಯೂ ಇಲ್ಲ, ಒಂದೂ ಇಲ್ಲ