ಸೂರಿನ ಕೆಳಗಿನ ಮಗು

ಎರಡು ಸಾವಿರದ ಎಂಟರ ಮಾರ್ಚ್‌ನಲ್ಲಿ ವೇದಾವತಿ ಮಗಳ ಬಾಣಂತನಕ್ಕೆಂದು ಅರಸೀಕೆರೆಯಿಂದ ಸಿಡ್ನಿಗೆ ಬಂದರು. ಮಗಳು ಪ್ರಾರ್ಥನಾ ಓದಲು ಬಂದವಳು ಕಾಯಂ ನೆಲೆಸಲು ಪಿಆರ್ ಸಿಕ್ಕ ಮೇಲೆ ಅಲ್ಲೇ ಉಳಿದು, ಒಂದು ಸಣ್ಣ ಮ್ಯೂಸಿಯಮ್ಮಿನಲ್ಲಿ ಕೆಲಸಕ್ಕಿದ್ದಳು. ಪ್ರಾಚೀನ ರೋಮಿನ ಹೆಂಗಸರ ಬದುಕನ್ನು ಕುರಿತ ಪ್ರದರ್ಶನವೊಂದನ್ನು ಅಲ್ಲಿ ಸಿದ್ಧಪಡಿಸುತ್ತಿದ್ದರು. ಸಿಡ್ನಿಯಲ್ಲಿ ಕೆಲವೇ ವಾರ ನಡೆದ ಮೇಲೆ ಅದು ಮೆಲ್ಬರ್ನ್‌ಗೆ ಹೋಗುವುದಿತ್ತು. ಅಳಿಯ ತೇಜಸ್‌ಗೂ ಮೆಲ್ಬರ್ನ್‌ನಲ್ಲೇ ಹೊಸ ಕೆಲಸ ಸಿಕ್ಕಿದ್ದರಿಂದ ಹೆರಿಗೆ ಅಲ್ಲೇ ಎಂದು ತೀರ್ಮಾನವಾಗಿತ್ತು.

ಹೊರಡುವ ಮೊದಲು ಪ್ರಾರ್ಥನಾ ತಾಯಿಯನ್ನು ಮ್ಯೂಸಿಯಮ್ಮಿಗೆ ಕರೆದೊಯ್ದಳು. ಒಳಗಿನ ಕೋಣೆಯ ಮೇಜುಗಳ ಮೇಲೆ ಕಂಚಿನ ಕನ್ನಡಿಗಳು, ಮೂಳೆಯ ಹೇರ್‌ಪಿನ್‌ಗಳು, ಮಗ್ಗಕ್ಕೆ ಕಟ್ಟುತ್ತಿದ್ದ ಮಣ್ಣಿನ ಗುಂಡುಗಳು ಇದ್ದವು. ಕೊನೆಯ ಮೇಜಿನ ಮೇಲೆ ಬಾಗಿದ ಒಂದು ಹೆಂಚು ಇತ್ತು.

"ಇದು ನೋಡಮ್ಮ, ನಮ್ಮ ಮೇನ್ ಪೀಸ್," ಎಂದಳು ಪ್ರಾರ್ಥನಾ. "ಅಲ್ಲಿ ಹೆಂಗಸರಿಗೆ ವೋಟ್ ಇರ್ಲಿಲ್ಲ, ಅಧಿಕಾರ ಇರ್ಲಿಲ್ಲ. ಎಷ್ಟೋ ಹೆಣ್ಣುಮಕ್ಕಳಿಗೆ ಸ್ವಂತದ್ದು ಅಂತ ಹೆಸರೂ ಇಲ್ಲ, ಅಪ್ಪನ ವಂಶದ ಹೆಸರೇ ಎಲ್ರಿಗೂ. ಅಂಥಾ ಕಾಲದಲ್ಲಿ ಈ ಹೆಂಚಿನ ಭಟ್ಟಿ ಒಬ್ಳು ಹೆಂಗಸಿಂದು. ಈ ರೌಂಡ್ ಸೀಲ್ ಇದ್ಯಲ್ಲ, ಇದು ಅವಳ ಹೆಸರು. ಗಂಡಸರು ಕಟ್ಟಿಸಿದ ಮನೆಗಳ ಮೇಲೆಲ್ಲ ಇವಳ ಹೆಸರು ಕೂತಿತ್ತು."

ವೇದಾವತಿ ಮುದ್ರೆಯನ್ನು ನೋಡಲಿಲ್ಲ. ಹೆಂಚಿನ ಬಾಗನ್ನು ನೋಡುತ್ತಿದ್ದರು. ಅದು ಥೇಟ್ ನಾಡಹೆಂಚಿನ ಹಾಗಿತ್ತು.

"ಇದು ಯಾವ ಮನೆ ಮೇಲಿತ್ತು?"

ಪ್ರಾರ್ಥನಾ ಸ್ವಲ್ಪ ತಡೆದಳು. ಬಸುರಿಯಾದವಳು ಆಡಬಾರದ ಮಾತೆಂದು ತಾಯಿ ಗದರಬಹುದೆಂದು ಅವಳಿಗೆ ಅನ್ನಿಸಿತು.

"ಮನೆ ಮೇಲೆ ಇರ್ಲಿಲ್ಲಮ್ಮ. ತೀರಾ ಎಳೇ ಮಕ್ಕಳು ಹೋದ್ರೆ ಅವರು ಸುಡ್ತಿರ್ಲಿಲ್ಲ. ಮನೆ ಸೂರಿನ ಕೆಳಗೇ ಹೂಳೋರು. ಮೇಲೊಂದು ಹೆಂಚು ಮುಚ್ಚೋರು. ಇದು ಅಂಥದ್ದು."

"ಹೆಣ್ಣಾ, ಗಂಡಾ?"

"ಅಷ್ಟು ಚಿಕ್ಕ ಮೂಳೆ ನೋಡಿ ಹೇಳಕ್ಕಾಗಲ್ಲ. ಹೆಸರಿಡೋಕೆ ಮುಂಚೆನೇ ಹೋಗಿರಬೇಕು."

"ಮೂಳೆ ಎಲ್ಲಿದೆ ಈಗ?"

"ಇಟಲಿಲಿ ಯಾವುದೋ ಸ್ಟೋರ್‌ನಲ್ಲಿ, ಡಬ್ಬದಲ್ಲಿ ಇರುತ್ತೆ."

"ಹಂಗಾದ್ರೆ ಆ ಮಗು ಮೇಲೆ ಈಗ ಏನೂ ಇಲ್ಲ," ಎಂದರು ವೇದಾವತಿ.

ವಾಪಸು ಬರುವಾಗ ರೈಲಿನಲ್ಲಿ ಅವರು ಎರಡು ಸಲ ಹಿಂತಿರುಗಿ ನೋಡಿದರು. ಯಾರದೋ ಮಗು ಅಳುತ್ತಿದೆ ಎಂದರು. ಆ ಬೋಗಿಯಲ್ಲಿ ಯಾವ ಮಗುವೂ ಇರಲಿಲ್ಲ. ಅಂದಿನಿಂದ ಮಧ್ಯಾಹ್ನದ ಹೊತ್ತು ಅಡಿಗೆ ಮಾಡುತ್ತಿದ್ದವರು ಒಲೆ ಆರಿಸಿ ಸುಮ್ಮನೆ ನಿಲ್ಲುವುದು ಶುರುವಾಯಿತು. ಕೇಳಿದರೆ, "ಏನಿಲ್ಲ, ಬೆಕ್ಕೇನೋ," ಅನ್ನುತ್ತಿದ್ದರು. ಅವರಿದ್ದ ಫ್ಲ್ಯಾಟ್ ಮೂರನೆಯ ಅಂತಸ್ತಿನಲ್ಲಿತ್ತು.

ಚಳಿ ಹಿಡಿಯುವ ಹೊತ್ತಿಗೆ ಮೆಲ್ಬರ್ನ್‌ಗೆ ಬಂದರು. ನಗರದಾಚೆಯ ವಿಂಡಮ್ ವೇಲ್ ಬಡಾವಣೆಯಲ್ಲಿ ತೇಜಸ್ ಹಿಡಿದಿದ್ದ ಮನೆ ಹೊಚ್ಚ ಹೊಸದು. ಅಕ್ಕಪಕ್ಕದ ಸೈಟುಗಳು ಖಾಲಿ, ಸುತ್ತ ಕೆಂಪು ಜೇಡಿ, ಎಲ್ಲೂ ಒಂದು ಮರವಿಲ್ಲ. ಮನೆಯ ಹಿಂದಿನ ಮೂಲೆಯಲ್ಲಿ ಸೂರಿನಂಚಿನ ನೀರು ಹಿಡಿಯುವ ಗಟರ್ ಸರಿಯಾಗಿ ಕೂತಿರಲಿಲ್ಲ. ಮಳೆ ಬಂದರೆ ಅಲ್ಲಿ ನೀರು ಸೂರಿನಿಂದ ನೇರ ನೆಲಕ್ಕೆ ಬಿದ್ದು ಮಣ್ಣು ಕೊರೆಯುತ್ತಿತ್ತು. ಬಿಲ್ಡರ್‌ಗೆ ಫೋನ್ ಮಾಡುತ್ತೇನೆಂದು ತೇಜಸ್ ದಿನವೂ ಹೇಳುತ್ತಿದ್ದ.

ವೇದಾವತಿ ಆ ಮೂಲೆಗೆ ಮಗಳನ್ನು ಬಿಡುತ್ತಿರಲಿಲ್ಲ. ಬಟ್ಟೆ ಒಣಗಿಸಲು ಹೋದರೂ ತೋಳು ಹಿಡಿದು ಆಚೆಯಿಂದ ಸುತ್ತಿಸಿ ಕರೆತರುತ್ತಿದ್ದರು. "ಅಲ್ಲಿ ತುಳೀಬೇಡ," ಅನ್ನುವುದಷ್ಟೇ. ಕಾರಣ ಹೇಳುತ್ತಿರಲಿಲ್ಲ.

ಪ್ರದರ್ಶನ ಮೆಲ್ಬರ್ನ್ ನಗರದಲ್ಲಿ ತೆರೆದ ಮರುವಾರ ಪ್ರಾರ್ಥನಾಳ ರಜೆ ಶುರುವಾಯಿತು. ಅಂದು ಬೆಳಗಿನಿಂದ ಮಳೆ. ಮಧ್ಯಾಹ್ನ ನಿದ್ದೆಯಿಂದ ಎದ್ದಾಗ ಮನೆಯಲ್ಲಿ ತಾಯಿ ಕಾಣಲಿಲ್ಲ. ಹಿಂಬಾಗಿಲು ತೆರೆದಿತ್ತು. ವೇದಾವತಿ ಆ ಮೂಲೆಯಲ್ಲಿ ಕುಕ್ಕರಗಾಲಲ್ಲಿ ಕೂತಿದ್ದರು. ತೇಜಸ್‌ನ ಕೊಡೆಯನ್ನು ತಮ್ಮ ತಲೆಗೆ ಹಿಡಿದಿರಲಿಲ್ಲ. ಸೂರಿನ ನೀರು ಬೀಳುತ್ತಿದ್ದ ನೆಲಕ್ಕೆ ಅಡ್ಡ ಹಿಡಿದಿದ್ದರು. ಸಣ್ಣ ದನಿಯಲ್ಲಿ ಜೋಗುಳ ಹೇಳುತ್ತಿದ್ದರು. ಸೆರಗೆಲ್ಲ ತೊಯ್ದು ಮೈಗೆ ಅಂಟಿತ್ತು.

"ಅಮ್ಮ, ಯಾರಿಗೆ ಇದು?"

ವೇದಾವತಿ ತಲೆಯೆತ್ತಿದರು. ಸಿಕ್ಕಿಬಿದ್ದವರ ಮುಖ ಅದಾಗಿರಲಿಲ್ಲ. ತುಂಬ ದೂರದಿಂದ ನಡೆದು ಬಂದವರ ಮುಖ.

"ನಿಂಗೆ ಕೇಳಿಸ್ತಿಲ್ವಾ?"

ಪ್ರಾರ್ಥನಾ ಕಿವಿಗೊಟ್ಟಳು. ಕೊಡೆಯ ಮೇಲೆ ನೀರು ಬೀಳುವ ಸದ್ದು. ಅದರ ಹಿಂದೆ ಇನ್ನೇನೋ, ತೆಳ್ಳಗೆ, ಎಳೆದಂತೆ. ಪಕ್ಕದ ಮನೆಯ ಗೇಟು ಅಂದುಕೊಂಡಳು. ಪಕ್ಕದಲ್ಲಿ ಮನೆ ಇರಲಿಲ್ಲ. ಹೊಟ್ಟೆಯೊಳಗೆ ಮಗು ಜೋರಾಗಿ ಹೊರಳಿತು.

"ಒಳಗೆ ಬಾಮ್ಮ," ಎಂದಳು. ಸೀರೆ ಬದಲಿಸಿ, ಹೀಟರ್ ಮುಂದೆ ಕೂರಿಸಿ, ಕಾಫಿ ಕೊಟ್ಟ ಮೇಲೆ ವೇದಾವತಿ ಹೇಳಿದರು.

"ನೀನು ಮೊದಲನೇದಲ್ಲ ಕಣೆ. ನಿನಗಿಂತ ಮುಂಚೆ ಒಂದು ಹುಟ್ಟಿತ್ತು. ಹೆಣ್ಣು. ಆಗ ಅರಸೀಕೆರೆ ಬಾಡಿಗೆ ಮನೇಲಿದ್ವಿ. ನಾಮಕರಣಕ್ಕೆ ಮುಂಚೆನೇ ಹೋಯ್ತು. ನನ್ನನ್ನ ಯಾರೂ ಏನೂ ಕೇಳಲಿಲ್ಲ. ನಮ್ಮತ್ತೆ ಬಂದು ಮಡಿಲಿಂದ ಎತ್ಕೊಂಡು ಹೋದ್ರು. ಬಾಣಂತಿ ಕೋಣೆ ಕಿಟಕಿ ಹಾಕಿದ್ರು, ನೋಡಬಾರದು ಅಂತ. ಆದ್ರೆ ಗೋಡೆ ಆಚೇನೇ ಅಗೀತಿದ್ರು. ಹಾರೆ ಸದ್ದು ಬೆನ್ನಿಗೆ ಬಡೀತಿತ್ತು. ನಾಯಿ ಕೆದಕಬಾರದು ಅಂತ ಒಂದು ಹೆಂಚು ಮುಚ್ಚಿ ಅಂತ ಅತ್ತೆ ಅಂದಿದ್ದು ಕೇಳಿಸ್ತು."

ಪ್ರಾರ್ಥನಾ ತಾಯಿಯ ಕೈ ಹಿಡಿದುಕೊಂಡಳು.

"ಆ ವರ್ಷ ಮಳೆ ನಿಲ್ಲಲೇ ಇಲ್ಲ. ಸೂರಿನ ನೀರು ಅಲ್ಲೇ ಬೀಳೋದು. ನೀರಿನ ಸದ್ದು ಕೇಳಿದ್ರೆ ಎದೆ ಹಾಲು ಇಳಿಯೋದು, ತಡಿಯೋಕೆ ಆಗ್ತಿರಲಿಲ್ಲ. ಬಟ್ಟೆ ಕಟ್ಕೊಂಡು ಮಲಗ್ತಿದ್ದೆ. ಆಮೇಲೆ ಮನೆ ಬಿಟ್ವಿ. ಆ ಮಾತು ಮತ್ತೆ ಯಾರೂ ಎತ್ತಲಿಲ್ಲ. ನಿಮ್ಮಪ್ಪನೂ ಎತ್ತಲಿಲ್ಲ."

"ಹೆಸರು ಏನಂತ ಇಡಬೇಕು ಅಂದ್ಕೊಂಡಿದ್ದೆ?"

ವೇದಾವತಿ ಕಾಫಿ ಲೋಟ ಕೆಳಗಿಟ್ಟರು. "ಜಯಲಕ್ಷ್ಮಿ," ಎಂದರು. ಬಾಯಿಂದ ಹೊರಟ ಆ ಶಬ್ದಕ್ಕೆ ತಾವೇ ಬೆಚ್ಚಿದರು.

ಮರುದಿನ ಪ್ರಾರ್ಥನಾ ಮ್ಯೂಸಿಯಮ್ಮಿಗೆ ಫೋನ್ ಮಾಡಿದಳು. ಹೆಂಚಿನ ಪಕ್ಕದ ಫಲಕವನ್ನು ಅವಳೇ ಬರೆದಿದ್ದಳು. ಭಟ್ಟಿಯ ಒಡತಿಯ ಆಸ್ತಿ, ಅವಳ ಮಾತು ಎಲ್ಲೆಲ್ಲಿ ನಡೆಯುತ್ತಿತ್ತು ಎಂಬುದೆಲ್ಲ ಅದರಲ್ಲಿತ್ತು. ಅದಕ್ಕೆ ಇನ್ನೊಂದು ಸಾಲು ಸೇರಿಸಬೇಕೆಂದು ಕೇಳಿದಳು: ಇದರ ಕೆಳಗೆ ಒಂದು ಹಸುಳೆ ಮಲಗಿತ್ತು, ಅದರ ತಾಯಿ ಯಾರೆಂದು ಗೊತ್ತಿಲ್ಲ. ಸಹೋದ್ಯೋಗಿ ಒಪ್ಪಿದಳು. ತೇಜಸ್ ಗಟರ್ ಸರಿಮಾಡಿಸಿದ. ಮಳೆ ಬಂದಾಗ ತಾಯಿ ಮಗಳು ಹಿಂಬಾಗಿಲ ಹತ್ತಿರ ಕೂರುತ್ತಿದ್ದರು. ಅಳು ನಿಲ್ಲಲಿಲ್ಲ ಎಂದು ವೇದಾವತಿ ಹೇಳುತ್ತಿದ್ದರು, ಆದರೆ ಒಬ್ಬರೇ ಕೇಳಿಸಿಕೊಳ್ಳುವುದು ಮಾತ್ರ ನಿಂತಿತ್ತು.

ಜೂನ್‌ನಲ್ಲಿ ಹೆಣ್ಣು ಮಗು ಹುಟ್ಟಿತು. ಸಾನ್ವಿ ಎಂದು ಕರೆದರು. ಬಾಣಂತನ ಮುಗಿಸಿ ವೇದಾವತಿ ಊರಿಗೆ ಹೋದರು.

ಹೋಗಿ ಒಂದು ತಿಂಗಳಾದ ಮೇಲೆ ಒಂದು ಭಾನುವಾರ ಅವರೇ ಫೋನ್ ಮಾಡಿದರು.

"ಆ ಹಳೇ ಮನೆ ಹತ್ರ ಹೋಗಿದ್ದೆ. ನಿಮ್ಮಪ್ಪನೂ ಬಂದಿದ್ರು."

"ಅಳು ಕೇಳಿಸೋದನ್ನ ಅಪ್ಪಂಗೆ ಹೇಳಿದ್ಯಾ?"

"ಹೇಳಿದೆ. ಅವರು ಚಪ್ಪಲಿ ಹಾಕ್ಕೊಂಡು ಹೊರಟ್ರು. ಮನೆ ಕೆಡವಿ ಕಾಂಪ್ಲೆಕ್ಸ್ ಕಟ್ಟಿದಾರೆ ಕಣೆ. ಅವಳಿದ್ದ ಜಾಗ ಎಲ್ಲಿ ಅಂತ ನಾನು ಹುಡುಕ್ತಿದ್ದೆ. ಇವರೇ ಸೀದಾ ಹೋಗಿ ಒಂದು ಮೊಬೈಲ್ ಅಂಗಡಿ ಮೆಟ್ಟಿಲ ಹತ್ರ ನಿಂತ್ಕೊಂಡ್ರು. ಇಲ್ಲಿ, ಅಂದ್ರು. ಇಷ್ಟು ವರ್ಷ ಅವರಿಗೂ ನೆನಪಿತ್ತು."

ಪ್ರಾರ್ಥನಾ ಸಾನ್ವಿಯನ್ನು ಇನ್ನೊಂದು ಹೆಗಲಿಗೆ ಹಾಕಿಕೊಂಡಳು.

"ಅಲ್ಲಿ ನಿಂತ್ಕೊಂಡು ಹೆಸರು ಹಿಡಿದು ಕರೆದೆ. ಜೋರಾಗೇ ಕರೆದೆ. ಅಂಗಡಿಯೋರು ನೋಡಿದ್ರು, ನೋಡ್ಲಿ ಬಿಡು."

"ಈಗ ಕೇಳಿಸುತ್ತಾಮ್ಮ?"

"ಇಲ್ಲ. ಅವತ್ತಿಂದ ಕೇಳಿಸ್ತಿಲ್ಲ," ಎಂದರು ವೇದಾವತಿ. "ಮಳೆ ಬಂದಾಗ ಹೊರಗೆ ಹೋಗಿ ನಿಲ್ತೀನಿ. ಆದ್ರೂ ಕೇಳಿಸಲ್ಲ."