ಲೋಟದಲ್ಲಿ ಅದ್ದಿದ ಹೆಬ್ಬೆರಳು

ಗೋಡೆಗೆ ಹೊಡೆದ ಕಂಬಳಿಯ ಮೂಲೆ ಮತ್ತೆ ಬಿಟ್ಟುಕೊಂಡಿದೆ, ಯಾರೋ ಟೇಪು ಹಚ್ಚಿದ್ದಾರೆ, ಟೇಪೂ ಬಿಟ್ಟುಕೊಂಡು ನಾಲಿಗೆಯ ಹಾಗೆ ಜೋತಿದೆ, ಹೊರಗಿನ ಸದ್ದು ಒಳಗೆ ಬಾರದಿರಲಿ ಅಂತ ಇಷ್ಟೆಲ್ಲ ಮಾಡಿಕೊಂಡ ಡಬ್ಬಿಂಗ್ ಸ್ಟುಡಿಯೋದಲ್ಲಿ ಪಕ್ಕದ ಬಚ್ಚಲಿನ ನಲ್ಲಿ ತೊಟ್ಟಿಕ್ಕುವುದು ಚೆನ್ನಾಗಿ ಕೇಳಿಸುತ್ತದೆ, ಅದನ್ನೂ ತಾನೇ ಹೋಗಿ ಬಿಗಿ ಮಾಡಿ ಬರಬೇಕೇನೋ, ನಿರ್ದೇಶಕಿ ಅಂದರೆ ಅಷ್ಟೇ ತಾನೆ, ನಲ್ಲಿ ತಿರುಗಿಸುವವಳು — ಗಾಜಿನ ಆಚೆ ಮೈಕಿನ ಮುಂದೆ ಅಮ್ಮ ಹೆಡ್‌ಫೋನನ್ನು ತುರುಬಿಗೆ ಏರಿಸಿಕೊಂಡು ಕೂತಿದ್ದಾಳೆ, ಕಿವಿಗೆ ಹಾಕ್ಕೋ ಅಮ್ಮ, ಕಿವಿಗೆ, ಅಂತ ಇವಳು ಗುಂಡಿ ಒತ್ತಿ ಹೇಳುತ್ತಾಳೆ, ಗುಂಡಿ ಒತ್ತಿದರೆ ಮಾತ್ರ ಈಚೆಯ ಮಾತು ಆಚೆಗೆ ಹೋಗುವುದು, ಹಾಕ್ಕೊಂಡ್ರೆ ನಿನ್ನ ಮಾತು ತಲೆ ಒಳಗೇ ಕೇಳಿಸುತ್ತೆ ಕಣೇ, ಹೊರಗೆ ಕೇಳೋದೇ ಸಾಕಾಗಿದೆ ಅನ್ನುತ್ತಾಳೆ ಅಮ್ಮ, ಪಕ್ಕದಲ್ಲಿ ಸೌಂಡ್ ಇಂಜಿನಿಯರ್ ಹಲ್ಲು ಬಿಡುತ್ತಾನೆ, ಇವನನ್ನು ಎಲ್ಲರೂ ಕಿವಿ ಅಂತಲೇ ಕರೆಯುವುದು, ಸೊಳ್ಳೆ ಕೆಮ್ಮಿದರೂ ಟ್ರ್ಯಾಕಿನಲ್ಲಿ ಹುಡುಕಿ ತೋರಿಸುತ್ತಾನೆ, ಫ್ಯಾನ್ ಹಾಕಪ್ಪ ಅಂತ ಅಮ್ಮ, ಫ್ಯಾನ್ ಹಾಕಿದ್ರೆ ಸದ್ದು ಬರುತ್ತೆ ಅಮ್ಮಾವ್ರೇ ಅಂತ ಕಿವಿ, ಗಾಳಿ ಇಲ್ಲದ ಡಬ್ಬದಲ್ಲಿ ಕೂರಿಸಿ ಉಸಿರುಬಿಟ್ಟು ಮಾತಾಡಿ ಅಂತೀರಲ್ಲ, ಎಲ್ಲಿಂದ ತರ್ಲಿ ಉಸಿರು — ಸರಿ, ನೀರು ಕುಡಿ, ನೀರು ಕುಡಿದು ಶುರು ಮಾಡೋಣ, ಅಮ್ಮ ಲೋಟ ಎತ್ತಿಕೊಳ್ಳುತ್ತಾಳೆ, ಎತ್ತಿಕೊಳ್ಳುವಾಗ ಹೆಬ್ಬೆರಳು ನೀರೊಳಗೆ, ಯಾವತ್ತೂ ಹಾಗೇ, ಮನೆಗೆ ಬಂದವರಿಗೆ ಕೊಡುವಾಗಲೂ ಅದ್ದಿಯೇ ಕೊಡುವುದು, ಹೊರಗಿಂದ ಹಿಡ್ಕೋ ಅಮ್ಮ, ನೋಡೋಕೆ ಚೆನ್ನಾಗಿರಲ್ಲ ಅಂತ ಶಾಲೆಗೆ ಹೋಗುವ ಕಾಲದಿಂದ ಹೇಳಿ ಹೇಳಿ ಇವಳ ಬಾಯಿ ಒಣಗಿದೆ, ಜಾರುತ್ತಲ್ಲೇ ಅನ್ನುವುದೊಂದೇ ಉತ್ತರ.

ಬರುವಾಗ ಇವಳನ್ನು ಕಂಡು ದೆವ್ವದಮ್ಮ ಬಂದ್ರು ಅಂತ ಗೇಟಿನವನು ಒಳಗೆ ಯಾರಿಗೋ ಕೂಗಿ ಹೇಳಿದ್ದು ಕೇಳಿಸಿತ್ತು, ಕೇಳಿಸಲಿ ಅಂತಲೇ ಕೂಗಿದ್ದು, ಪ್ರೀತಿಯಂತೆ ಅದು — ಇಷ್ಟು ವರ್ಷ ದುಡಿದು ಇವಳು ಸಂಪಾದಿಸಿದ ಬಿರುದು, ಮೊದಲ ಪಾತ್ರವೇ ಹೆಣದ್ದು, ಉಸಿರು ಬಿಗಿಹಿಡಿಯುವುದರಲ್ಲಿ ಈ ಹುಡುಗಿಯನ್ನು ಮೀರಿಸುವವರಿಲ್ಲ ಅಂತ ಆ ನಿರ್ದೇಶಕರು ಹತ್ತು ಜನರೆದುರು ಹೊಗಳಿದರು, ಹೊಗಳಿದ್ದೇ ಕುತ್ತಾಯಿತು, ಆಮೇಲೆ ಕರೆದವರೆಲ್ಲ ಮಲಗೋಕೇ ಕರೆದರು, ನೀರಲ್ಲಿ ತೇಲುವ ಹೆಣ, ಕಪಾಟಿನಿಂದ ಬೀಳುವ ಹೆಣ, ಹೆಣಕ್ಕೆ ಮಾತಿಲ್ಲ ಅಂತ ಜಗಳ ಮಾಡಿದ್ದಕ್ಕೆ ದೆವ್ವಕ್ಕೆ ಬಡ್ತಿ ಸಿಕ್ಕಿತು, ಒಂದು ವಯಸ್ಸು ದಾಟಿದ ಮೇಲೆ ಹೆಂಗಸಿಗೆ ಉಳಿಯುವುದು ನಾಯಕನ ತಾಯಿ ಇಲ್ಲವೇ ದೆವ್ವ, ತಾಯಿ ಅಳುತ್ತಾಳೆ, ದೆವ್ವ ಕನಿಷ್ಠ ಯಾರನ್ನಾದರೂ ಹೆದರಿಸುತ್ತದೆ, ದೆವ್ವವೇ ಇರಲಿ ಅಂದಳು. ಮುಖಕ್ಕೆ ಬಳಿದ ಬಿಳಿ ಬಣ್ಣ ಒಣಗುವ ತನಕ ಮುಖ ಅಲುಗಿಸಬಾರದು, ಕೈ ಅಲುಗಿಸಬಹುದು, ಹಾಗೆ ಕೂತು ಕೂತೇ ಬರೆದದ್ದು ಮೊದಲ ಕಾದಂಬರಿ, ಎರಡನೆಯದೂ, ಬಸ್ ನಿಲ್ದಾಣದ ಅಂಗಡಿಗಳಲ್ಲಿ ಹಗ್ಗಕ್ಕೆ ನೇತುಹಾಕಿ ಮಾರಿದರು, ಓದಿದವರು ರಾತ್ರಿ ದೀಪ ಆರಿಸಲಿಲ್ಲವಂತೆ, ವಿಮರ್ಶಕರು ಮಾತ್ರ ಲೇಖಕಿ ಇನ್ನಾದರೂ ಗಂಭೀರವಾದದ್ದನ್ನು ಬರೆಯಲಿ ಅಂತ ಹರಸಿದರು, ಸಾವಿಗಿಂತ ಗಂಭೀರವಾದದ್ದು ಇವರಿಗೆ ಯಾವುದು ಸಿಕ್ಕಿತೋ, ಮತ್ತೆ ಸಂದರ್ಶನಕ್ಕೆ ಬಂದವರದ್ದು ಒಂದೇ ಪ್ರಶ್ನೆ, ಮೇಡಂ, ನೀವು ಯಾವತ್ತಾದ್ರೂ ದೆವ್ವ ನೋಡಿದ್ದೀರಾ, ನೋಡಿದ್ದರೆ ಮೊದಲು ಕಾಲ್‌ಶೀಟ್ ಕೇಳುತ್ತಿದ್ದೆ ಕಣಪ್ಪ. ಇವಳ ಕಾದಂಬರಿಗಳಲ್ಲಿ ಒಂದು ಕಟ್ಟಳೆ ಇದೆ, ದೆವ್ವಕ್ಕೆ ತಾನು ದೆವ್ವ ಅಂತ ಗೊತ್ತಿರಬಾರದು, ಅದು ತನ್ನ ಪಾಡಿಗೆ ತನ್ನ ಮನೆಯಲ್ಲಿ ಓಡಾಡಿಕೊಂಡಿರುತ್ತದೆ, ಬದುಕಿರುವವರನ್ನು ಕಂಡು ಇವರ್ಯಾರು ನಮ್ಮ ಮನೆಯಲ್ಲಿ ಅಂತ ಅದೇ ಬೆಚ್ಚಬೇಕು — ಅದನ್ನೇ ಸಿನಿಮಾ ಮಾಡಿ ಅಂತ ಹೇಳಿಕೊಂಡು ಎಷ್ಟು ಮೆಟ್ಟಿಲು ಹತ್ತಿಳಿದಳು, ಹಾಡೆಲ್ಲಿದೆ ಅಂತ ಕೇಳಿದರು, ಹಾಗಾಗಿ ತಾನೇ ನಿರ್ದೇಶಕಿ, ತಾನೇ ದೆವ್ವ, ದೆವ್ವದ ಸೀರೆಗೆ ಇಸ್ತ್ರಿ ಹಾಕುವವಳೂ ತಾನೇ, ಹಿಂದಿನ ಎರಡು ಸಿನಿಮಾ ಪೂರ್ತಿಯಾಗಿ ಡಬ್ಬದಲ್ಲಿ ಕೂತಿವೆ, ಚಿತ್ರಮಂದಿರದ ಕತ್ತಲೆಯನ್ನೇ ಕಂಡಿಲ್ಲ, ಇದು ಮೂರನೆಯದು, ಇದೂ ಕೂತರೆ ಇನ್ನೊಂದನ್ನು ಮಾಡುವ ಕಸುವು ಇಲ್ಲ, ಅದು ಇವಳಿಗೂ ಗೊತ್ತು, ಪಕ್ಕದಲ್ಲಿರುವ ಕಿವಿಗೂ ಗೊತ್ತು.

ಶೂಟಿಂಗಿಗೆ ಯಾರೂ ಮನೆ ಕೊಡಲಿಲ್ಲ, ದೆವ್ವದ ಸಿನಿಮಾಕ್ಕೆ ಕೊಟ್ಟರೆ ಆಮೇಲೆ ಬಾಡಿಗೆಗೆ ಯಾರೂ ಬರಲ್ಲವಂತೆ, ಅಮ್ಮನ ಮನೆಯೇ ಗತಿಯಾಯಿತು, ಅಡುಗೆಮನೆಗೆ ಕಾಲಿಟ್ರೆ ನಾನೇ ದೆವ್ವ ಆಗ್ತೀನಿ ಅಂತ ಒಂದೇ ಕರಾರು ಹಾಕಿ ಒಪ್ಪಿದಳು, ಆಮೇಲೆ ದಿನವೂ ನಡುಮನೆಯಿಂದ ಕೂಗು, ನಿಮ್ಮ ದೆವ್ವಕ್ಕೆ ಊಟ ಆಯ್ತೇನ್ರೋ — ಆ ದಿನ ಮಧ್ಯಾಹ್ನದ ಬೆಳಕು ಕಿಟಕಿಯಿಂದ ಓರೆಯಾಗಿ ಬಿದ್ದು ಅಮ್ಮನ ಕೋಣೆಯ ನಿಲುವುಗನ್ನಡಿ ಹೊಳೆಯುತ್ತಿತ್ತು, ಅಂಥ ಬೆಳಕು ಕಾದರೂ ಸಿಗುವುದಿಲ್ಲ, ಇವಳು ಬಿಳಿ ಮುಖ ಹೊತ್ತು ಕನ್ನಡಿಯ ಮುಂದೆ ತಲೆ ಬಾಚುತ್ತಿದ್ದಾಳೆ, ಕ್ಯಾಮೆರಾ ಓಡುತ್ತಿದೆ, ಕನ್ನಡಿಯೊಳಗೆ, ಹಿಂದಿನ ಬಾಗಿಲಲ್ಲಿ, ಅಮ್ಮ. ನೀರಿನ ಲೋಟ ಹಿಡಿದು ನಿಂತಿದ್ದಾಳೆ. ಇವಳನ್ನೇ ನೋಡುತ್ತಿದ್ದಾಳೆ. ಯಾರಮ್ಮ ನೀವು ಅಂದಳು, ಗಾಬರಿ ಇಲ್ಲ, ಸಿಟ್ಟಿಲ್ಲ, ಹೊಸಬರನ್ನು ಮಾತಾಡಿಸುವ ಮರ್ಯಾದೆಯ ದನಿ, ನಮ್ಮ ಹುಡುಗಿ ಮನೇಲಿಲ್ಲ, ಶೂಟಿಂಗಿಗೆ ಹೋಗಿದಾಳೆ, ಬರ್ತಾಳೆ, ಕೂತ್ಕೊಳ್ಳಿ — ಕಟ್, ಕಟ್, ಅಮ್ಮಾ, ಫ್ರೇಮಿಗೆ ಬರಬೇಡ ಅಂತ ಎಷ್ಟು ಸಲ ಬಡ್ಕೊಳ್ಳೋದು ಅಂತ ಇವಳು ಕಿರುಚಿದಳು, ಕ್ಯಾಮೆರಾದವನು ಬಿದ್ದು ಬಿದ್ದು ನಕ್ಕ, ಎಲ್ಲರಿಗಿಂತ ಹೆಚ್ಚು ನಕ್ಕವಳು ಇವಳೇ, ಹೆತ್ತ ತಾಯಿಗೇ ಗುರುತು ಸಿಗಲಿಲ್ಲ ಅಂದರೆ ಎಂಥ ಮೇಕಪ್ಪು, ಎಂಥ ಅಭಿನಯ, ಹೋದಲ್ಲೆಲ್ಲ ಹೇಳಿದಳು, ರೇಡಿಯೋದಲ್ಲಿ, ಕಾಲೇಜಿನ ವೇದಿಕೆಯಲ್ಲಿ, ಅಮ್ಮನ ದನಿ ಅನುಕರಿಸಿ, ಕೂತ್ಕೊಳ್ಳಿ ಅನ್ನುವಲ್ಲಿ ಸ್ವಲ್ಪ ತಡೆದು, ಚಪ್ಪಾಳೆ ಬೀಳುವುದು ಸರಿಯಾಗಿ ಅಲ್ಲೇ.

ಅಕ್ಕ ಚಪ್ಪಾಳೆ ತಟ್ಟಲಿಲ್ಲ. ಅವತ್ತೇ ಶುರುವಾಗಿತ್ತು ಕಣೇ, ನೀನು ಅದನ್ನ ಜೋಕ್ ಮಾಡ್ಕೊಂಡು ಊರೆಲ್ಲ ಸುತ್ತಿದೆ, ಅಂತ ಮೊನ್ನೆ ಫೋನಿನಲ್ಲಿ, ಅಕ್ಕನಿಗೆ ಎಲ್ಲವೂ ಮೊದಲೇ ಗೊತ್ತಿರುತ್ತದೆ, ದೂರದಲ್ಲಿ ಕೂತವರಿಗೆ ಕಣ್ಣು ಚುರುಕು, ಡಾಕ್ಟರ ಹತ್ರ ಕರ್ಕೊಂಡು ಹೋಗು ಅಂತೀನಿ, ಸಿನಿಮಾ ಮುಗೀಲಿ ಅಂತೀಯ, ನಿನ್ನ ಸಿನಿಮಾ ಯಾವತ್ತು ಮುಗ್ದಿದೆ — ಮುಗಿದಿದೆ ಅಕ್ಕ, ಇದೊಂದು ಡಬ್ಬಿಂಗು, ಇವತ್ತು ಸಂಜೆ ಕಳಿಸಿಬಿಟ್ಟರೆ ಮುಗಿಯಿತು, ಮತ್ತೆ ವಯಸ್ಸಾದವರಿಗೆ ಮರೆವು ಇಲ್ಲದೆ ಇರುತ್ತಾ, ನನಗೇ ಇದೆ, ಕನ್ನಡಕ ತಲೆಯ ಮೇಲಿಟ್ಟುಕೊಂಡು ಹುಡುಕುತ್ತೇನೆ. ಹೋದ ವಾರ ಇವಳು ಬಚ್ಚಲಲ್ಲಿ ಮುಖ ತೊಳೆಯುತ್ತಿದ್ದಾಗ ಅಮ್ಮ ಬಾಗಿಲಲ್ಲಿ ನಿಂತು ಯಾರು ಅಂತ ಕೇಳಿದಳು, ಅಕ್ಕನಿಗೆ ಅದನ್ನು ಹೇಳಿದ್ದೇ ತಪ್ಪು, ಮುಖದ ತುಂಬ ಸೋಪಿತ್ತು ಅಕ್ಕ, ಯಾರಿಗೆ ತಾನೆ ಗುರುತು ಸಿಗುತ್ತೆ, ಸೋಪು ತೊಳೆದ ಮೇಲೆ, ಅಂತ ಅಕ್ಕ ಕೇಳಿದಳು, ಸೋಪು ತೊಳೆದ ಮೇಲೆ ಸಿಕ್ಕಿತೇನೇ, ನೆಟ್‌ವರ್ಕ್ ಸರಿ ಇಲ್ಲ ಅಂತ ಇವಳು ಫೋನಿಟ್ಟಳು. ವಿತರಕ ಬೇರೆ, ಜೀವನದಲ್ಲಿ ಮೊದಲ ಸಲ ಒಬ್ಬ ವಿತರಕ ಇವಳ ಸಿನಿಮಾವನ್ನು ಕೊನೆಯವರೆಗೆ ನೋಡಿದ್ದಾನೆ, ನೋಡಿ ಏನಂದ, ಕ್ಲೈಮ್ಯಾಕ್ಸಿನಲ್ಲಿ ನಿಮ್ಮ ದೆವ್ವ ಪರವಾಗಿಲ್ಲ ಮೇಡಂ, ಪರವಾಗಿಲ್ಲವಂತೆ, ಆದರೆ ಕನ್ನಡಿಯಲ್ಲಿ ಒಬ್ಬರು ವಯಸ್ಸಾದವರು ಬರ್ತಾರಲ್ಲ, ಯಾರು ಆ ಕಲಾವಿದೆ, ಆ ನೋಟ ಹೇಗೆ ತೆಗೆಸಿದ್ರಿ, ಎರಡು ದಿನ ನಿದ್ದೆ ಇಲ್ಲ ನನಗೆ — ತೆಗೆಸಿದ್ದಲ್ಲವಯ್ಯ, ಬೇರೆ ಟೇಕಿನಲ್ಲಿ ಆ ಬೆಳಕಿರಲಿಲ್ಲ, ಅದಕ್ಕೆ ಇಟ್ಟುಕೊಂಡೆ, ಅಮ್ಮ ಬಾಯಿ ತೆರೆಯುವ ಮೊದಲೇ ಕತ್ತರಿಸಿದ್ದೆ, ಅವನಿಗೆ ಅದು ಪೂರ್ತಿ ಬೇಕಂತೆ, ಬಾಯಿ ತೆರೆಯಬೇಕಂತೆ, ಯಾರಮ್ಮ ನೀವು ಅಂದರೆ ಸಾಕಂತೆ, ಅಷ್ಟಿದ್ದರೆ ಚಿತ್ರಮಂದಿರ ಗ್ಯಾರಂಟಿ, ಇಲ್ಲದಿದ್ದರೆ ನೋಡೋಣ, ನೋಡೋಣ ಅಂದರೆ ಏನು ಅಂತ ಈ ಕಸುಬಿನಲ್ಲಿ ಎಲ್ಲರಿಗೂ ಗೊತ್ತು. ಆ ಟೇಕಿನ ಸದ್ದು ಉಪಯೋಗಕ್ಕಿಲ್ಲ, ಅಮ್ಮನ ಮಾತಿನ ಮೇಲೆಲ್ಲ ಕ್ಯಾಮೆರಾದವನ ಕಿಸಿಕಿಸಿ ನಗು, ಅದರ ಬೆನ್ನಿಗೇ ಇವಳ ಕಿರುಚಾಟ, ಹಾಗಾಗಿ ಅಮ್ಮ ಈಗ ಗಾಜಿನ ಆಚೆ.

ಟೇಕ್ ಅನ್ನುತ್ತಾನೆ ಕಿವಿ, ಕೆಂಪು ದೀಪ ಹೊತ್ತುತ್ತದೆ, ಆಚೆ ಗೋಡೆಯ ಪರದೆಯಲ್ಲಿ ದೃಶ್ಯ ಓಡುತ್ತದೆ, ಕನ್ನಡಿ, ಬಾಗಿಲು, ಅಮ್ಮ, ಲೋಟ, ಮುಗಿದು ತಾನಾಗಿಯೇ ಮತ್ತೆ ಮೊದಲಿಂದ, ಕನ್ನಡಿ, ಬಾಗಿಲು, ಅಮ್ಮ, ಲೋಟ — ಯಾರಮ್ಮಾ ನೀವೂ ಅಂತ ಅಮ್ಮ ಪದ್ಯ ಒಪ್ಪಿಸುವ ಮಕ್ಕಳ ಹಾಗೆ ರಾಗ ಎಳೆಯುತ್ತಾಳೆ, ಹಾಗಲ್ಲ ಅಮ್ಮ, ಸುಮ್ಮನೆ ಕೇಳು, ನಿಜವಾಗ್ಲೂ ಗೊತ್ತಿಲ್ಲದವರನ್ನ ಕೇಳೋ ಹಾಗೆ, ಗೊತ್ತಿಲ್ದೆ ಏನೇ, ನೀನೇ ಬರೆದಿದೀಯ, ನೀನೇ ಹೇಳ್ಕೊಡ್ತಿದೀಯ, ಇಷ್ಟು ಮಾತಿಗೋಸ್ಕರ ಕಾರು ಮಾಡಿ ಕರ್ಕೊಂಡು ಬಂದ್ಯಾ, ಮತ್ತೆ ದೀಪ, ಮತ್ತೆ ಕನ್ನಡಿ, ಈ ಸಲ ಮಾತಿಗೆ ಮೊದಲೇ ಕೆಮ್ಮು, ಇನ್ನೊಂದು ಸಲ ತುಟಿ ಮುಚ್ಚಿದ ಮೇಲೆ ಮಾತು, ಅದಾದ ಮೇಲೆ ಮಾತೇ ಇಲ್ಲ, ಅಮ್ಮ ಕುತ್ತಿಗೆ ಚಾಚಿ ಪರದೆಯನ್ನೇ ನೋಡುತ್ತಿದ್ದಾಳೆ, ಬಾಗಿಲಲ್ಲಿ ಪಾಪ ಮುದುಕಿ ಆವಾಗಿಂದ ನಿಂತೇ ಇದೆ, ಯಾರಾದ್ರೂ ಒಂದು ಕುರ್ಚಿ ಕೊಡಬಾರದಾ, ಅನ್ನುತ್ತಾಳೆ. ಕಿವಿ ನಗುತ್ತಾನೆ, ಅಮ್ಮಾವ್ರು ಸಖತ್ ಜೋಕು ಮೇಡಂ, ಇವಳೂ ನಗಬೇಕು, ಜೋಕೇ ಇರಬೇಕು, ಅಮ್ಮನ ಬಾಯಿ ಯಾವತ್ತೂ ಹಾಗೇ — ವಿತರಕನ ಹೆಸರು ಫೋನಿನಲ್ಲಿ ಬೆಳಗಿ ಬೆಳಗಿ ಆರುತ್ತದೆ, ಈ ಕೆಲಸಕ್ಕೆ ಯಾರಾದರೂ ನಟಿಯನ್ನು ಕರೆದಿದ್ದರೆ ಊಟಕ್ಕೆ ಮೊದಲೇ ಮುಗಿದಿರುತ್ತಿತ್ತು, ತಾನೇ ಅಮ್ಮನ ದನಿಯಲ್ಲಿ ಹೇಳಬಹುದಿತ್ತು, ಅಷ್ಟು ವೇದಿಕೆಗಳಲ್ಲಿ ಹೇಳಿಲ್ಲವೇ, ಹೇಳಬಹುದಿತ್ತು, ಅಮ್ಮನನ್ನೇ ಯಾಕೆ ಕರೆತಂದೆ, ಬೇಕೆಂದ ಕಡೆ ಬೇಕೆಂದ ಹಾಗೆ ಹೇಳಿದರೆ ಅದು ಅಭಿನಯ, ಅಭಿನಯವಾದರೆ ಏನೂ ಆಗಿಲ್ಲ ಅಂತ ಅರ್ಥ, ಅಕ್ಕನಿಗೆ ಫೋನ್ ಮಾಡಿ ಹೇಳಬಹುದು, ಅಮ್ಮ ಒಂದೇ ಟೇಕಿಗೆ ಓಕೆ ಮಾಡಿದಳು ಕಣೇ — ಕಿವಿ, ಇನ್ನೊಂದು ತಗೋ, ಇದೇ ಕೊನೆ, ಇವಳು ಕುರ್ಚಿಯಿಂದ ಎದ್ದು ಗಾಜಿನ ಹತ್ತಿರಕ್ಕೆ ಬಗ್ಗುತ್ತಾಳೆ, ಗುಂಡಿಯ ಮೇಲೆ ಬೆರಳು, ಅಮ್ಮ, ಪರದೆ ನೋಡಬೇಡ, ಈ ಕಡೆ ನೋಡು, ನನ್ನ ನೋಡ್ಕೊಂಡು ಹೇಳು.

ಅಮ್ಮ ತಿರುಗುತ್ತಾಳೆ. ಕೆಂಪು ದೀಪ ಉರಿಯುತ್ತಿದೆ. ಗಾಜಿನ ಮೇಲೆ ಇವಳದೇ ಮುಖದ ನೆರಳು, ಬಣ್ಣವಿಲ್ಲ, ಸೋಪಿಲ್ಲ, ಅದರ ಆಚೆ ಅಮ್ಮನ ಮುಖ, ನೋಡುತ್ತದೆ, ಹುಬ್ಬು ಒಂದಿಷ್ಟು ಗಂಟಿಕ್ಕುತ್ತದೆ, ಸಡಿಲುತ್ತದೆ, ಯಾರಮ್ಮ ನೀವು. ಮರ್ಯಾದೆಯ ದನಿ. ಅಯ್ಯಪ್ಪಾ, ಅನ್ನುತ್ತಾನೆ ಕಿವಿ ಮೆಲ್ಲಗೆ, ಪರದೆ ಮೇಲಿನ ತುಟಿಗೆ ಮಾತು ಕೂತಿದೆ ಮೇಡಂ, ಇದೇ, ಇದೇ — ಅಮ್ಮ ನಿಲ್ಲಿಸಿಲ್ಲ, ನಮ್ಮ ಹುಡುಗಿ ಮನೇಲಿಲ್ಲ, ಶೂಟಿಂಗಿಗೆ ಹೋಗಿದಾಳೆ, ಬರ್ತಾಳೆ, ಕೂತ್ಕೊಳ್ಳಿ, ಅಷ್ಟಕ್ಕೇ ಚಪ್ಪಾಳೆ ಬೀಳಬೇಕಿತ್ತು, ಅಷ್ಟಕ್ಕೇ ಕಟ್ ಆಗಿತ್ತು ಅವತ್ತು, ಅದರ ಮುಂದೆ ಏನಿತ್ತು ಅಂತ ಯಾರೂ ಕೇಳಿಸಿಕೊಂಡಿರಲಿಲ್ಲ, ಅವಳು ಬಂದ ಮೇಲೆ ಹೇಳ್ತೀನಿ, ಯಾರು ಬಂದಿದ್ರು ಅಂತ ಹೇಳ್ಲಿ, ಅಂತ ಕೇಳುತ್ತಾಳೆ ಅಮ್ಮ. ಕಟ್ ಅನ್ನಬೇಕು. ಗುಂಡಿಯ ಮೇಲೆ ಬೆರಳಿದೆ, ಒತ್ತಿದರೆ ಸಾಕು, ಅವತ್ತು ಅಷ್ಟು ಜೋರಾಗಿ ಬಂದ ಮಾತು — ಮೇಡಂ, ಓಕೆನಾ, ಇಟ್ಕೊಳ್ಳೋಣ್ವಾ, ಅನ್ನುತ್ತಾನೆ ಕಿವಿ, ಯಾರು ಬಂದಿದ್ರು ಅಂತ, ಯಾರು, ಇವಳು ಕುರ್ಚಿಯಲ್ಲಿ ಕೂರುತ್ತಾಳೆ, ಕೂತ್ಕೊಳ್ಳಿ ಅಂದಳಲ್ಲ, ಅಮ್ಮ ಸಮಾಧಾನವಾಗಿ ತಲೆಯಾಡಿಸಿ ಮುಂದಕ್ಕೆ ಬಾಗಿ ಬಂದವರಿಗೆ ನೀರು ಚಾಚುತ್ತಾಳೆ, ಲೋಟ ಗಾಜಿಗೆ ಟಣ್ಣನೆ ತಾಗುತ್ತದೆ, ನೀರೊಳಗೆ ಹೆಬ್ಬೆರಳು, ನೆನೆದು ಬೆಳ್ಳಗಾದ, ಸುಕ್ಕಾದ ಹೆಬ್ಬೆರಳು, ಜಾರದ ಹಾಗೆ ಬಿಗಿಯಾಗಿ, ನೀರೊಳಗೆ ಹೆಬ್ಬೆರಳು —