ಬಚ್ಚಲ ಬಾಗಿಲ ಪಾಠ

ಕೈಯಲ್ಲಿದ್ದ ಕವರು ಎಲ್ಲಿ ಸೋರುತ್ತದೋ ಎಂದು ಅದನ್ನು ಎಡಗೈಯಿಂದ ಬಲಗೈಗೆ, ಬಲಗೈಯಿಂದ ಎಡಗೈಗೆ ಬದಲಾಯಿಸಿಕೊಳ್ಳುತ್ತ ಪುಟ್ಟಸಿದ್ದಮ್ಮ ಬಸ್ ಸ್ಟ್ಯಾಂಡಿನಿಂದ ಬಿರಬಿರನೆ ನಡೆದು ಬಂದಳು. ಕವರಿನೊಳಗೆ ಇನ್ನೊಂದು ಕವರು, ಅದರೊಳಗೆ ಅವತ್ತು ಬೆಳಗ್ಗೆ ಹಂದಿಮರಿಗಳು ಹಾಕಿದ ಭೇದಿ. ಇಂಥ ಸಾಮಾನನ್ನು ಪುಣಜನೂರಿನಿಂದ ಚಾಮರಾಜನಗರದವರೆಗೆ ಬಸ್ಸಿನಲ್ಲಿ ತರುವುದು ಹುಡುಗಾಟದ ಮಾತಲ್ಲ. ಕಂಡಕ್ಟರ್ ಎರಡು ಸಲ ಮೂಗರಳಿಸಿ ಸುತ್ತ ನೋಡಿದ್ದ. ಎರಡು ಸಲವೂ ಅವಳು ಕಾಡನ್ನು ಇವತ್ತೇ ಕಂಡವಳಂತೆ ಕಿಟಕಿಯಾಚೆ ಮುಖ ತಿರುಗಿಸಿ ಕುಳಿತಿದ್ದಳು.

ಡಾಕ್ಟ್ರ ಮನೆ ಮುಂದೆ ಬೀದಿಯಲ್ಲಿ ಶಾಮಿಯಾನ ಹಾಕಿತ್ತು. ಅವರ ಮೊಮ್ಮಗುವಿಗೆ ಏನೋ ಶಾಸ್ತ್ರ ಇರಬೇಕು, ಇಂಥ ದಿನ ಇದನ್ನು ತಂದೆನಲ್ಲ ಎಂದು ಅವಳಿಗೆ ನಾಚಿಕೆಯಾಯಿತು. ಹತ್ತಿರ ಬಂದರೆ ಕುರ್ಚಿಗಳಲ್ಲಿ ಕುಳಿತವರು ಯಾರೂ ಮಾತಾಡುತ್ತಿಲ್ಲ. ಗೇಟಿನ ಬಳಿ ಬಿದಿರು ಕಟ್ಟುತ್ತಿದ್ದರು. ಒಳಗಿನಿಂದ ತಾಳದ ಸದ್ದಿನ ಜೊತೆ ಭಜನೆ ಕೇಳುತ್ತಿತ್ತು.

"ಯಾರು ಬೇಕಾಗಿತ್ತಮ್ಮ?" ಗೇಟಿನಲ್ಲಿ ನಿಂತಿದ್ದ ಸೋಮಶೇಖರ್ ಕೇಳಿದ. ಅವನು ಡಾಕ್ಟ್ರ ಹೆಂಡತಿ ನಾಗರತ್ನಳ ತಮ್ಮ, ಗುಂಡ್ಲುಪೇಟೆಯಲ್ಲಿ ಮೇಷ್ಟ್ರು.

"ಡಾಕ್ಟ್ರು ಕಣ್ ಸ್ವಾಮಿ. ಬರೋಕೇಳಿದ್ರು."

"ಭಾವ ನಿನ್ನೆ ಸಂಜೆ ಹೋಗ್ಬಿಟ್ರು. ಹಾರ್ಟು."

"ನಿನ್ನೆ ಬೆಳಗ್ಗೆ ಪೋನಲ್ಲಿ ಮಾತಾಡುದ್ರಲ್ಲಾ!" ಎಂದಳು ಪುಟ್ಟಸಿದ್ದಮ್ಮ, ಅದರಿಂದ ಸುದ್ದಿ ಸುಳ್ಳಾಗುತ್ತದೆ ಎನ್ನುವ ಹಾಗೆ. ಆಮೇಲೆ ಕಾಂಪೌಂಡಿಗೆ ಒರಗಿ ಗೊಳೋ ಎಂದು ಅತ್ತಳು. ಅತ್ತದ್ದು ಡಾಕ್ಟ್ರಿಗಾಗಿ. ನಡುವೆ ಒಂದಷ್ಟು ತನ್ನ ಮರಿಗಳಿಗಾಗಿಯೂ ಅತ್ತಳು, ಅದನ್ನು ಮುಚ್ಚಿಡುವುದೇಕೆ. ಹೋದ ವರ್ಷ ಹಂದಿಜ್ವರ ಬಂದು ಅವಳ ದೊಡ್ಡಿಯೇ ಬರಿದಾಗಿತ್ತು. ಅದಾದ ಮೇಲೆ ತಾಯಿಹಂದಿಯೊಂದನ್ನು ಹೇಗೋ ತಂದು ಸಾಕಿ, ಈಗ ಮೊದಲ ಸೂಲು. ಹನ್ನೊಂದು ಮರಿಯಲ್ಲಿ ನಾಲ್ಕು ಸತ್ತಿದ್ದವು. ಉಳಿದ ಏಳರ ಹಿಂಗಾಲು ಒದ್ದೆಯಾಗಿ ಬೆನ್ನಿನ ಮೂಳೆ ಕಾಣುತ್ತಿತ್ತು.

ಸೋಮಶೇಖರ್ ಮೂಗು ಮುಚ್ಚಿಕೊಂಡ. "ಏನಮ್ಮಾ ಅದು ಕವರಲ್ಲಿ?"

"ಮರಿಗಳ ಬೇದಿ ಸ್ವಾಮಿ. ಬಾಯಿಮಾತಲ್ಲಿ ರೋಗ ಕಾಣಕ್ಕಿಲ್ಲ, ತಕ್ಕಬಾ ಅಂದಿದ್ರು."

"ಶಿವ ಶಿವಾ! ಒಳಗೆ ಅಯ್ನೋರು ಪೂಜೆಗೆ ಕೂತವ್ರೆ, ನೀನು ಇದನ್ನ ತಂದು ಬಾಗಿಲಲ್ಲಿ ಹಿಡ್ಕಂಡಿದೀಯಲ್ಲ! ಆಚೆ ಹೋಗು ಮೊದ್ಲು."

ಪುಟ್ಟಸಿದ್ದಮ್ಮ ರಸ್ತೆಯ ಆ ಬದಿಗೆ ಹೋಗಿ ಹೊಂಗೆಮರದ ಕೆಳಗೆ ಕುಕ್ಕರಗಾಲಲ್ಲಿ ಕುಳಿತಳು. ಊರಿಗೆ ಹಿಂದಿರುಗಿ ಮಾಡುವುದೇನೆಂದು ಅವಳಿಗೆ ತೋಚಲಿಲ್ಲ. ಗೇಟಿನ ತುಂಬ ಜನ ನಿಂತಿದ್ದರಿಂದ ಡಾಕ್ಟ್ರ ಮುಖವೂ ಕಾಣುತ್ತಿರಲಿಲ್ಲ.

*

ಶಿವರುದ್ರಸ್ವಾಮಿ ನಿಜಕ್ಕೂ ಡಾಕ್ಟರಲ್ಲ, ಪಶು ಆಸ್ಪತ್ರೆಯಲ್ಲಿ ಇನ್ಸ್‌ಪೆಕ್ಟರ್ ಆಗಿದ್ದವನು. ಹಳ್ಳಿಯವರಿಗೆ ಸೂಜಿ ಹಿಡಿದವರೆಲ್ಲ ಡಾಕ್ಟ್ರೇ. ಹಸು, ಎಮ್ಮೆ, ಕುರಿ ನೋಡಲು ಮುಂದಾಗುತ್ತಿದ್ದವರು ಹಂದಿ ಎಂದರೆ ಹಿಂದೆ ಸರಿಯುತ್ತಿದ್ದರು. ಹಾಗಾಗಿ ಮೊಟ್ಟೆ ಬೇಯಿಸಿದ ಪಾತ್ರೆಯನ್ನೂ ಮುಟ್ಟದ ಮನೆತನದ ಈ ಲಿಂಗವಂತನ ಪಾಲಿಗೆ ಹಂದಿಗಳು ಬಂದವು. ಉಡಿಗಾಲದಿಂದ ಪುಣಜನೂರಿನವರೆಗೆ, ಅತ್ತ ಹಂಗಳದವರೆಗೆ ಅವನ ಬೈಕು ಓಡಾಡಿತು. ಜನ 'ಹಂದಿ ಡಾಕ್ಟ್ರು' ಎಂದರು. ಅವನಿಗೆ ಅದರಲ್ಲಿ ಬೇಸರವೇನೂ ಇರಲಿಲ್ಲ. ಆ ಬೇಸರವನ್ನೆಲ್ಲ ಇಡಿಯಾಗಿ ನಾಗರತ್ನಳೇ ವಹಿಸಿಕೊಂಡಿದ್ದಳು.

ಸಂಜೆ ಬಂದರೆ ಮುಂಬಾಗಿಲು ಅವನಿಗಿಲ್ಲ. ಹಿತ್ತಿಲ ಕಡೆಯಿಂದ ನೇರ ಬಚ್ಚಲಿಗೆ. ಹೊರಗೆ ನಾಗರತ್ನ ಟವೆಲು ಹಿಡಿದು ನಿಲ್ಲಬೇಕು. ಒಳಗೆ ನೀರು ಹುಯ್ದುಕೊಳ್ಳುತ್ತ ಅವನು ದಿನದ ವರದಿ ಒಪ್ಪಿಸುತ್ತಿದ್ದ.

"ನೋಡು ನಾಗೂ, ದಿನ ಎಣಿಸಬೇಕು, ಬಣ್ಣ ನೋಡಬೇಕು, ಮೂಸಬೇಕು. ಹುಟ್ಟಿ ಮೂರ್ನಾಲ್ಕು ದಿನದೊಳಗೆ ನೀರು ನೀರಾಗಿ ಹೋದ್ರೆ ಅದೊಂದು ರೋಗ. ಎರಡನೇ ವಾರದಲ್ಲಿ ಹಳದಿಯಾಗಿ, ಮೊಸರಿನ ಹಾಗೆ ಮಂದ ಇದ್ದು, ಹುಳಿನಾತ ಹೊಡೆದ್ರೆ ಅದು ಇನ್ನೊಂದು. ಬೆಳೆದ ಹಂದೀಲಿ ರಕ್ತ, ಗೊಣ್ಣೆ ಬಿದ್ರೆ ಅದು ಬೇರೇನೇ. ಎಲ್ಲಕ್ಕೂ ಒಂದೇ ಸೂಜಿ ಚುಚ್ಚಿದ್ರೆ ಉಳೀತವಾ?"

"ಮೊಸರಿನ ಹೆಸರು ಎತ್ತಬೇಡಿ. ನಾನಿನ್ನೂ ಊಟ ಮಾಡಬೇಕು."

ಒಳಗಿನಿಂದ ನಗು ಕೇಳುತ್ತಿತ್ತು.

ಮಗಳು ಮಂಗಳಗೌರಿಯನ್ನು ನೋಡಲು ಮೊದಲ ಸಲ ಗಂಡಿನ ಕಡೆಯವರು ಬಂದಾಗ, ಬೀದಿ ತುದಿಯ ಅಂಗಡಿಯವನು ದಾರಿ ತೋರಿಸುತ್ತ 'ಓ, ಹಂದಿ ಡಾಕ್ಟ್ರ ಮನೆಯಾ?' ಎಂದುಬಿಟ್ಟ. ಉಪ್ಪಿಟ್ಟು ತಿಂದು ಹೋದವರು ತಿರುಗಿ ಬರಲಿಲ್ಲ. ಆ ಸಂಜೆ ನಾಗರತ್ನ ಬಚ್ಚಲ ಬಾಗಿಲಿಗೇ ಜಗಳ ಆಡಿದಳು. "ಎಲ್ಲರ ಹಾಗೆ ಹಸು ಎಮ್ಮೆ ನೋಡ್ಕೊಂಡು ಮರ್ಯಾದೆಯಾಗಿ ಇರೋಕಾಗಲ್ವಾ ನಿಮಗೆ?"

ಒಳಗೆ ನೀರಿನ ಸದ್ದು ನಿಂತಿತು. "ಹಸು ನೋಡೋಕೆ ಹತ್ತು ಜನ ಇದಾರೆ ನಾಗೂ. ಇವರ ಮನೆಗೆ ಯಾರು ಹೋಗ್ತಾರೆ?"

ಅವಳು ಟವೆಲನ್ನು ಗೂಟಕ್ಕೆ ಸಿಕ್ಕಿಸಿ ಒಳಗೆ ಹೋದಳು. ಮಗಳಿಗೆ ಆಮೇಲೆ ಇನ್ನೂ ಒಳ್ಳೆಯ ಸಂಬಂಧವೇ ಸಿಕ್ಕಿತು. ಆದರೆ ಅವತ್ತಿನಿಂದ ನಾಗರತ್ನ ಬಚ್ಚಲ ಮಾತಿಗೆ ಹೂಂ ಅನ್ನುವುದನ್ನು ಬಿಟ್ಟಳು. ಅವನು ಮಾತ್ರ ಹೇಳುವುದನ್ನು ಬಿಡಲಿಲ್ಲ. ನಿವೃತ್ತನಾದ ಮೇಲೂ ಯಾರಾದರೂ ಕರೆದರೆ ಹೋಗಿ ಬಂದು, ಮೈಗೆ ನೀರು ಹುಯ್ದುಕೊಳ್ಳುತ್ತ ಎಲ್ಲವನ್ನೂ ಹೇಳುತ್ತಿದ್ದ. ಬಾಗಿಲಾಚೆ ಹೆಂಡತಿ ಇದ್ದಾಳೋ ಇಲ್ಲವೋ ಅವನಿಗೆ ತಿಳಿಯುತ್ತಿರಲಿಲ್ಲ.

ಅವಳು ಇರುತ್ತಿದ್ದಳು.

*

ಪಡಸಾಲೆಯಲ್ಲಿ ಗಂಡನನ್ನು ಗೋಡೆಗೆ ಒರಗಿಸಿ ಕೂರಿಸಿದ್ದರು. ಹಣೆತುಂಬ ವಿಭೂತಿ, ತಲೆಗೆ ಪೇಟ. ಪಕ್ಕದಲ್ಲಿ ನಾಗರತ್ನ ಕುಳಿತಿದ್ದಳು. ಹೊರಗಿನಿಂದ ಬಂದ ಸೋಮಶೇಖರ್ ಯಾರಿಗೋ ಪಿಸುಮಾತಿನಲ್ಲಿ ಹೇಳುತ್ತಿದ್ದ: "ಹಂದಿಮರಿ ಭೇದಿಯಂತೆ! ಕವರಲ್ಲಿ ತಂದವ್ಳೆ ಪುಣ್ಯಾತ್ಗಿತ್ತಿ."

ನಾಗರತ್ನ ಎದ್ದಳು. ಬಚ್ಚಲಿಗೆ ಹೋಗಬೇಕೇನೋ ಎಂದು ಹೆಂಗಸರು ದಾರಿ ಬಿಟ್ಟರು. ಅವಳು ನೇರ ಗೇಟು ದಾಟಿ, ರಸ್ತೆ ದಾಟಿ, ಮರದ ಕೆಳಗೆ ಬಂದು ನಿಂತಳು.

"ಎಷ್ಟು ದಿನದ ಮರಿ?"

ಪುಟ್ಟಸಿದ್ದಮ್ಮ ದಡಬಡಿಸಿ ಎದ್ದಳು. "ಅತ್ತು ದಿನ ಕಣವ್ವ. ಡಾಕ್ಟ್ರು ಇಂಗಾಯ್ತಾರೆ ಅಂತ ಗೊತ್ತಿದ್ರೆ ನಾ ಬತ್ತಿರ್ನಿಲ್ಲ—"

"ಭೇದಿ ಯಾವತ್ತಿಂದ?"

"ಏಳ್ನೇ ದಿನದಿಂದ. ಎರಡು ಕಿತ ಸೂಜಿ ಆಕಿಸ್ದಿ, ಬಗ್ನಿಲ್ಲ."

"ರಕ್ತ?"

"ಒಂದು ಅನಿನೂ ಇಲ್ಲ."

"ಬಿಚ್ಚು ಅದನ್ನ."

"ಅಕ್ಕಾ!" ಸೋಮಶೇಖರ್ ಓಡಿ ಬಂದ. "ಏನಕ್ಕ ಇದು, ಇವತ್ತು, ಎಲ್ಲರ ಮುಂದೆ? ಜನ ಏನಂದ್ಕೋತಾರೆ?"

"ಅಂದ್ಕೊಳ್ಳಲಿ ಸುಮ್ನಿರೋ. ನಾನೂ ಬೇಕಾದಷ್ಟು ಅಂದ್ಕೊಂಡಿದ್ದೆ."

ನಾಗರತ್ನ ಬಗ್ಗಿ ನೋಡಿದಳು. ಹಳದಿ, ಮಂದವಾಗಿದೆ. ಮೂಗನ್ನು ಹತ್ತಿರ ಒಯ್ದಳು. ಜನ್ಮದಲ್ಲಿ ಎಂದೂ ಮೂಸದಿದ್ದ ಆ ನಾತ ಅವಳಿಗೆ ಗುರುತು ಸಿಕ್ಕಿತು. ಕೆಟ್ಟ ಹುಳಿ ಮಜ್ಜಿಗೆ.

"ದೊಡ್ಡಿ ಹೇಗಿಟ್ಟಿದ್ದೀಯಾ?"

"ದಿನಾ ಎರಡು ಕಿತ ತೊಳ್ದು ಕನ್ನಡಿ ಅಂಗೆ ಮಡಗಿವ್ನಿ ಕಣವ್ವ. ಅಂದಿ ಸಾಕೋರು ಗಲೀಜು ಅಂತ ಯಾರೂ ಬೆಟ್ಟು ತೋರ್ಬಾರ್ದು ನೋಡಿ!"

"ಅಯ್ಯೋ ತಾಯಿ, ಅಲ್ಲೇ ಇರೋದು ತಪ್ಪು. ತಣ್ಣೀರಲ್ಲಿ ಎಷ್ಟು ತೊಳೆದ್ರೂ ಈ ರೋಗದ ಕ್ರಿಮಿ ಸಾಯಲ್ಲ. ನೆಲ ಒದ್ದೆ ಇದ್ದಷ್ಟೂ ಬೆಳೀತದೆ. ತಾಯಿನೂ ಮರಿನೂ ಬೇರೆ ಕಡೆ ಕಟ್ಟು. ಗಲೀಜೆಲ್ಲ ಹೆರೆದು, ಹಳೇ ಹುಲ್ಲು ಸುಟ್ಟುಬಿಡು. ಕುದಿಯೋ ನೀರು ಹುಯ್ಯಿ, ಕುದೀತಾ ಇರಬೇಕು. ಆಮೇಲೆ ಚೆನ್ನಾಗಿ ಒಣಗಲಿ. ಒಣಹುಲ್ಲು ಹಾಸಿ ಆಮೇಲೆ ಮರಿ ಬಿಡು. ಇದಕ್ಕೆ ಸೂಜಿಯಲ್ಲ, ಬಾಯಿಗೆ ಹಾಕೋ ಔಷಧ ಬೇರೆ ಇದೆ. ಈ ರೋಗಕ್ಕೆ ಅವರು ಕಾಕ್ಸಿ ಅನ್ನೋರು."

ಪುಟ್ಟಸಿದ್ದಮ್ಮ ಬಾಯಿ ಬಿಟ್ಟುಕೊಂಡು ನೋಡಿದಳು. "ನಿಮಗೆಂಗವ್ವಾ ಇದೆಲ್ಲ ಗೊತ್ತು?"

"ಇಪ್ಪತ್ತೆಂಟು ವರ್ಷ ಬಚ್ಚಲ ಬಾಗಿಲಲ್ಲಿ ನಿಂತಿದೀನಿ." ಹೇಳಿದ ಮರುಕ್ಷಣವೇ ನಾಗರತ್ನಳಿಗೆ ಹೆದರಿಕೆಯಾಯಿತು. "ನಾನು ಕೇಳಿದವಳಷ್ಟೇ, ಕಲಿತವಳಲ್ಲ ಕಣಮ್ಮ. ನನ್ನ ಮಾತು ತಪ್ಪಾದ್ರೆ ಆ ಏಳು ಮರಿನೂ ನನ್ನ ತಲೆ ಮೇಲೆ. ಇದನ್ನ ಹೀಗೇ ಪಶು ಆಸ್ಪತ್ರೆಗೆ ತಗೊಂಡೋಗು. ದುರ್ಬೀನಿನ ಕೆಳಗಿಟ್ಟು ನೋಡಲಿ."

"ಒಂದು ಕಿತ ಡಾಕ್ಟ್ರ ಮೊಖ ನೋಡ್ಬುಟ್ಟು ಓಯ್ತಿನಿ."

"ಆಸ್ಪತ್ರೆ ಬಾಗಿಲು ಹಾಕ್ತಾರೆ. ಅವರಿದ್ದಿದ್ರೂ ಮೊದಲು ಅಲ್ಲಿಗೆ ಓಡು ಅನ್ನೋರು. ಓಡು."

ಪುಟ್ಟಸಿದ್ದಮ್ಮ ಓಡಿದಳು. ನಾಗರತ್ನ ತಿರುಗಿ ಬಂದಾಗ ಹೆಂಗಸರು ಸೆರಗು ಸರಿಸಿಕೊಂಡು ಜಾಗ ಬಿಟ್ಟರು. ಅಯ್ಯನವರು ಮಾತ್ರ ಅವಳ ಕೈಗೆ ನೀರು ಹಾಕುವಂತೆ ಮಂಗಳಗೌರಿಗೆ ಸನ್ನೆ ಮಾಡಿದರು.

*

ಮಧ್ಯಾಹ್ನದ ಪುಣಜನೂರು ಬಸ್ಸು ಸತ್ಯಮಂಗಲ ರಸ್ತೆಯಲ್ಲಿ ಒಂದು ಫರ್ಲಾಂಗೂ ಹೋಗಿರಲಿಲ್ಲ, ನಿಂತಿತು. ಮುಂದಿನಿಂದ ತಮಟೆಯ ಸದ್ದು.

"ಯಾವ್ದೋ ಹೆಣ. ಹೋಗಲಿ ತಡಿ," ಎಂದ ಡ್ರೈವರ್, ಎಂಜಿನ್ ಆರಿಸಿ ಕೈ ಮುಗಿದ.

ಕಿಟಕಿಯ ಪಕ್ಕ ಕುಳಿತಿದ್ದ ಪುಟ್ಟಸಿದ್ದಮ್ಮ ಕತ್ತು ಹೊರಗೆ ಹಾಕಿದಳು. ಬಿದಿರು ಕಟ್ಟಿ ಹೂ ಸುತ್ತಿದ ವಿಮಾನ ಹೆಗಲುಗಳ ಮೇಲೆ ಬರುತ್ತಿತ್ತು. ಲಿಂಗವಂತರಲ್ಲಿ ಸತ್ತವರನ್ನು ಮಲಗಿಸಿ ಒಯ್ಯುವುದಿಲ್ಲ, ಕೂರಿಸಿ ಒಯ್ಯುತ್ತಾರೆ. ಹಾಗೆ ಕೂತ ಡಾಕ್ಟ್ರು ಸರಿಯಾಗಿ ಬಸ್ಸಿನ ಕಿಟಕಿಯ ಎತ್ತರದಲ್ಲಿ, ಒಂದು ಮಾರು ದೂರದಲ್ಲಿ ಅವಳ ಎದುರಿಗೇ ಬಂದರು.

ಅವಳು ಎದ್ದು ನಿಂತಳು.

"ಡಾಕ್ಟ್ರೇ! ನಿಮ್ಮನೆ ಅಮ್ಮೋರು ಸರಿಯಾಗೇಳವ್ರೆ ಕಣಪ್ಪೋ!" ತಮಟೆಯನ್ನೂ ಮೀರಿ ಅವಳ ದನಿ ಎದ್ದಿತು. "ಆಸ್ಪತ್ರೆ ಡಾಕ್ಟ್ರಮ್ಮ ದುರ್ಬೀನಲ್ಲಿ ನೋಡುದ್ರು! ಅದೇ ಕಾಯ್ಲೆಯಂತೆ! ಮೂಸಿದೇಟ್ಗೆ ಏಳ್ಬುಟ್ರು ಕಣಪ್ಪೋ ನಿಮ್ಮನೆ ಅಮ್ಮೋರು!"

"ಏಯ್, ತಲೆ ಒಳಗೆ ತಕ್ಕಮ್ಮೋ," ಎಂದು ಕಂಡಕ್ಟರ್ ಕೂಗಿದ. ಅವಳಿಗೆ ಕೇಳಿಸಲಿಲ್ಲ. ವಿಮಾನ ಮುಂದೆ ಹೋಯಿತು. ಹಿಂದೆ ಮಗಳ ತೋಳು ಹಿಡಿದು ನಾಗರತ್ನ ಬರುತ್ತಿದ್ದಳು. ಪುಟ್ಟಸಿದ್ದಮ್ಮ ಮಡಿಲಿನಿಂದ ಔಷಧದ ಸೀಸೆ ತೆಗೆದು ಕಿಟಕಿಯಿಂದ ಕೆಳಕ್ಕೆ ಚಾಚಿದಳು.

"ಇದೇನಾ ನೋಡಿ ಅವ್ವಾ! ಇದೇ ತಾನೆ?"

ನಾಗರತ್ನ ನಿಂತಳು. ಮಗಳ ಕೈ ಬಿಡಿಸಿಕೊಂಡು ಸೀಸೆ ಇಸಿದುಕೊಂಡಳು. ಒದ್ದೆಯಾಗಿದ್ದ ಕನ್ನಡಕವನ್ನು ಸೆರಗಿನಿಂದ ಒರೆಸಿ ಹಾಕಿಕೊಂಡು, ಸೀಸೆಯನ್ನು ಬಿಸಿಲಿಗೆ ಹಿಡಿದು, ಅದರ ಚೀಟಿಯ ಮೇಲಿನ ಸಣ್ಣಕ್ಷರಗಳನ್ನು ನಡುರಸ್ತೆಯಲ್ಲಿ ಒಂದೊಂದಾಗಿ ಓದತೊಡಗಿದಳು. ಸೋಮಶೇಖರ್ ಹಿಂದಿರುಗಿ ನೋಡಿ ಕೈಯೆತ್ತಿದ. ತಮಟೆ ನಿಂತಿತು. ಮುಂದೆ ಹೋಗಿದ್ದ ವಿಮಾನ ಹೆಗಲುಗಳ ಮೇಲೆಯೇ ಅವಳಿಗಾಗಿ ಕಾದು ನಿಂತಿತು.